ಕೊನೆಯ ನಾಲ್ಕು ಕಂತು: ಫಿಲಿಪ್ಪೀನ್ಸ್‌ನಲ್ಲಿ 'ವೋಲ್ಟಸ್ ಫೈವ್' ಪ್ರಕರಣ

1979ರ ಆಗಸ್ಟ್ 27ರಂದು ಫಿಲಿಪ್ಪೀನ್ಸ್ ಅಧ್ಯಕ್ಷ ಫರ್ಡಿನಾಂಡ್ ಮಾರ್ಕೋಸ್ ಒಂದು ಆದೇಶ ಹೊರಡಿಸಿದರು. ಟಿವಿಯಲ್ಲಿ ಬರುತ್ತಿದ್ದ 'ವೋಲ್ಟಸ್ ಫೈವ್' ಎಂಬ ಜಪಾನಿ ಕಾರ್ಟೂನನ್ನೂ ಅದೇ ಥರದ ಬೇರೆ ರೋಬೋ ಕಾರ್ಟೂನುಗಳನ್ನೂ ನಿಲ್ಲಿಸಬೇಕು ಎಂಬುದು ಆ ಆದೇಶ. ಮಿತಿಮೀರಿದ ಹಿಂಸೆ, ಯುದ್ಧದ ಕಥೆ ಎಂಬ ಕಾರಣ ಕೊಟ್ಟರು. ವೋಲ್ಟಸ್ ಫೈವ್ ಕಥೆ ಮುಗಿಯಲು ಇನ್ನು ನಾಲ್ಕೇ ಕಂತು ಬಾಕಿ ಇತ್ತು.

ಮಕ್ಕಳ ಕಾರ್ಟೂನ್ ನಿಂತರೆ ಏನು ಮಹಾ ಅನ್ನಿಸಬಹುದು. ಆದರೆ ಜಪಾನಿನ ಅನಿಮೆ (ಕಾರ್ಟೂನು), ಮಾಂಗಾ (ಚಿತ್ರಕಥೆ ಪುಸ್ತಕ), ಆಟಿಕೆಗಳು ಹೊರದೇಶಗಳಲ್ಲಿ ಹೇಗೆ ಬೇರು ಬಿಟ್ಟವು ಅಂತ ತಿಳಿಯಲು ಇದಕ್ಕಿಂತ ಒಳ್ಳೆಯ ಪ್ರಕರಣ ನನಗೆ ಸಿಕ್ಕಿಲ್ಲ. ಜಪಾನ್ ತನ್ನ ಸಂಸ್ಕೃತಿಯನ್ನು ಜಗತ್ತಿಗೆಲ್ಲ ಹಂಚಿತು ಅಂತ ಎಲ್ಲರೂ ಹೇಳುತ್ತಾರೆ. ಹಂಚಿದವರ ಬಗ್ಗೆ ಬರೆದದ್ದು ಜಾಸ್ತಿ, ತೆಗೆದುಕೊಂಡವರ ಬಗ್ಗೆ ಕಡಿಮೆ. ಆಟಿಕೆ ಮಾರಲು ಮಾಡಿದ ಒಂದು ಸರಣಿ, ಮಾಡಿದವರು ಕನಸಲ್ಲೂ ಎಣಿಸದ ಊರಿನಲ್ಲಿ ಒಂದು ಇಡೀ ತಲೆಮಾರಿನ ಗುರುತಾಗಿ ನಿಂತಿದ್ದು ಹೇಗೆ? ಇಲ್ಲಿ ನೋಡಬೇಕಾದ್ದು ಅದನ್ನೇ.

ಸರಣಿ ಹುಟ್ಟಿದ ಬಗೆ

ವೋಲ್ಟಸ್ ಫೈವ್ ಜಪಾನಿನ ಟಿವಿ ಅಸಾಹಿಯಲ್ಲಿ 1977ರ ಜೂನ್‌ನಿಂದ 1978ರ ಮಾರ್ಚ್‌ವರೆಗೆ ಬಂತು. ಒಟ್ಟು 40 ಕಂತು. ನಿರ್ಮಾಣ ತೋಯೆ ಕಂಪನಿಯದು. ಚಿತ್ರ ಬಿಡಿಸಿದ್ದು ನಿಪ್ಪಾನ್ ಸನ್‌ರೈಸ್ ಸ್ಟುಡಿಯೊ. ಮುಂದೆ 1979ರಲ್ಲಿ 'ಗುಂಡಮ್' ಸರಣಿ ಮಾಡಿ ಹೆಸರಾದ ಸ್ಟುಡಿಯೊ ಇದೇ. ನಿರ್ದೇಶಕರು ತಡಾವೊ ನಾಗಹಾಮ. ಅವರು ಬೊಂಬೆಯಾಟದ ತಂಡದಿಂದ ಟಿವಿಗೆ ಬಂದವರು.

ಹಣ ಬರುತ್ತಿದ್ದುದು ಆಟಿಕೆಯಿಂದ. ಬಂದಾಯ್ ಸಮೂಹದ ಪೋಪಿ ಎಂಬ ಕಂಪನಿ ಇಂಥ ರೋಬೋಗಳ ಲೋಹದ ಬೊಂಬೆ ಮಾಡಿ ಮಾರುತ್ತಿತ್ತು. ವೋಲ್ಟಸ್ ಫೈವ್ ಅಂದರೆ ಐದು ವಾಹನಗಳು ಸೇರಿ ಆಗುವ ಒಂದು ರೋಬೋ. ಒಂದು ವಾಹನ ತಲೆಯಾದರೆ ಇನ್ನೊಂದು ಎರಡೂ ತೋಳು, ಮತ್ತೊಂದು ಎದೆ, ಮಗದೊಂದು ಎರಡೂ ಕಾಲು, ಕೊನೆಯದು ಎರಡೂ ಪಾದ. ಐದೂ ಇದ್ದರೆ ಮಾತ್ರ ರೋಬೋ ಎದ್ದು ನಿಲ್ಲುತ್ತದೆ. ಹಾಗಾಗಿ ಮಗುವಿಗೆ ಐದೂ ಬೇಕು, ಅಪ್ಪ ಐದನ್ನೂ ಕೊಳ್ಳಬೇಕು. ವ್ಯಾಪಾರದ ಲೆಕ್ಕ ಅಷ್ಟು ಸರಳ.

ಇದನ್ನು ಕೇಳಿ ಸರಣಿಯನ್ನು ಹಗುರವಾಗಿ ನೋಡಬಾರದು. ಆಟಿಕೆ ಮಾರುವುದಿದ್ದರೆ ವಾರಕ್ಕೊಂದು ರಾಕ್ಷಸ, ವಾರಕ್ಕೊಂದು ಹೊಡೆದಾಟ ಇದ್ದರೆ ಸಾಕಿತ್ತು. ನಾಗಹಾಮ ಅದರೊಳಗೆ ಒಂದು ಕುಟುಂಬದ ಕಥೆ ತಂದಿಟ್ಟರು. ಬೋಝಾನ್ ಎಂಬ ಗ್ರಹ. ಅಲ್ಲಿ ತಲೆಯ ಮೇಲೆ ಕೊಂಬಿದ್ದವರು ದೊರೆಗಳು, ಕೊಂಬಿಲ್ಲದವರು ಗುಲಾಮರು. ಹುಟ್ಟುವಾಗಲೇ ತೀರ್ಮಾನ ಆಗಿಹೋಗಿರುತ್ತದೆ. ಇದನ್ನು ಕನ್ನಡದ ಓದುಗರಿಗೆ ಬಿಡಿಸಿ ಹೇಳಬೇಕಾಗಿಲ್ಲ. ದೊಡ್ಡ ಮನೆತನದಲ್ಲಿ ಕೊಂಬಿಲ್ಲದೆ ಹುಟ್ಟಿದ ಒಬ್ಬ ಸುಳ್ಳು ಕೊಂಬು ಇಟ್ಟುಕೊಂಡು ಬೆಳೆಯುತ್ತಾನೆ. ಸಿಂಹಾಸನ ಏರುವ ಹೊತ್ತಿಗೆ ಗುಟ್ಟು ಬಯಲಾಗುತ್ತದೆ. ಗುಲಾಮನಾಗುತ್ತಾನೆ, ದಂಗೆ ಏಳುತ್ತಾನೆ, ತಪ್ಪಿಸಿಕೊಂಡು ಭೂಮಿಗೆ ಬರುತ್ತಾನೆ. ಇಲ್ಲಿ ಒಬ್ಬ ವಿಜ್ಞಾನಿಯನ್ನು ಮದುವೆಯಾಗುತ್ತಾನೆ. ಮೂವರು ಗಂಡುಮಕ್ಕಳು. ಬೋಝಾನಿನವರು ಭೂಮಿಯ ಮೇಲೆ ದಂಡೆತ್ತಿ ಬಂದಾಗ ಆ ಮೂವರು ಇನ್ನಿಬ್ಬರ ಜೊತೆ ಸೇರಿ ವೋಲ್ಟಸ್ ಫೈವ್ ನಡೆಸುತ್ತಾರೆ.

ಕಥೆಯ ಗಂಟು ಇರುವುದು ಶತ್ರುಪಾಳಯದಲ್ಲಿ. ಆ ದಂಡಿನ ನಾಯಕ ಒಬ್ಬ ರಾಜಕುಮಾರ. ಫಿಲಿಪ್ಪೀನ್ಸ್‌ನಲ್ಲಿ ಅವನನ್ನು ಪ್ರಿನ್ಸ್ ಝಾರ್ಡೋಝ್ ಅಂತ ಕರೆದರು. ಅವನೂ ಅದೇ ತಂದೆಯ ಮಗ, ಮೊದಲ ಹೆಂಡತಿಯಲ್ಲಿ ಹುಟ್ಟಿದವನು. ಅದು ಅವನಿಗೂ ಗೊತ್ತಿಲ್ಲ, ತಮ್ಮಂದಿರಿಗೂ ಗೊತ್ತಿಲ್ಲ. ಕರ್ಣನ ಕಥೆ ಕೇಳಿ ಬೆಳೆದವರಿಗೆ ಈ ನೋವು ಪಕ್ಕನೆ ಹತ್ತುತ್ತದೆ. ಕೊನೆಗೆ ಯುದ್ಧ ಬೋಝಾನ್ ಗ್ರಹಕ್ಕೇ ಹೋಗುತ್ತದೆ. ಗುಲಾಮರು ಎದ್ದು ನಿಲ್ಲುತ್ತಾರೆ, ಸಾಮ್ರಾಜ್ಯ ಬೀಳುತ್ತದೆ. ತಾನು ಯಾರು ಅಂತ ಗೊತ್ತಾದ ಮೇಲೆ ಅಣ್ಣ ಸಾಯುತ್ತಾನೆ. ಫಿಲಿಪ್ಪೀನ್ಸ್‌ನ ಮಕ್ಕಳು ನೋಡದೇ ಉಳಿದದ್ದು ಸರಿಯಾಗಿ ಈ ಭಾಗವನ್ನೇ.

ಮನಿಲಾಗೆ ಬಂದದ್ದು

ಫಿಲಿಪ್ಪೀನ್ಸ್‌ನಲ್ಲಿ 1972ರ ಸೆಪ್ಟೆಂಬರ್‌ನಿಂದ ಮಿಲಿಟರಿ ಕಾನೂನು ಇತ್ತು. ನಮ್ಮ ತುರ್ತುಪರಿಸ್ಥಿತಿ 21 ತಿಂಗಳಿಗೆ ಮುಗಿಯಿತು. ಅಲ್ಲಿ ಅದು ಕಾಗದದ ಮೇಲೆ ಎದ್ದುಹೋಗಲು 1981ರ ಜನವರಿ ಬರಬೇಕಾಯಿತು, ಮಾರ್ಕೋಸ್ ಅಧಿಕಾರ ಬಿಟ್ಟದ್ದು 1986ರಲ್ಲಿ. ಕಾನೂನು ಬಂದ ಮೊದಲ ದಿನಗಳಲ್ಲೇ ಪತ್ರಿಕೆ, ರೇಡಿಯೊ, ಟಿವಿ ಹೆಚ್ಚುಕಡಿಮೆ ಎಲ್ಲಕ್ಕೂ ಬೀಗ ಬಿತ್ತು. ದೊಡ್ಡ ವಾಹಿನಿಯಾಗಿದ್ದ ಎಬಿಎಸ್-ಸಿಬಿಎನ್ ಮಾರ್ಕೋಸ್ ಇರುವವರೆಗೆ ಮತ್ತೆ ತೆರೆಯಲಿಲ್ಲ. ಜಿಎಂಎಗೆ ಮತ್ತೆ ನಡೆಸಲು ಅನುಮತಿ ಸಿಕ್ಕಿತು. ಆಗ ಅದು ಚಿಕ್ಕ ವಾಹಿನಿ. ಸ್ವಂತ ಕಾರ್ಯಕ್ರಮ ಮಾಡುವಷ್ಟು ದುಡ್ಡಿಲ್ಲ, ಹೊತ್ತು ತುಂಬಿಸಬೇಕು.

ಜಪಾನಿ ಕಾರ್ಟೂನು ಇಂಥ ಜಾಗಕ್ಕೆ ಸರಿಯಾಗಿ ಹೊಂದಿತು. ಖರ್ಚೆಲ್ಲ ಜಪಾನಿನಲ್ಲಿ ಆಟಿಕೆ ಕಂಪನಿ, ಜಾಹೀರಾತುಗಳಿಂದ ಎದ್ದಿರುತ್ತಿತ್ತು. ಹೊರಗೆ ಮಾರಿದ್ದೆಲ್ಲ ಮೇಲಿನ ಲಾಭ, ಹಾಗಾಗಿ ಅಗ್ಗಕ್ಕೆ ಕೊಡಬಹುದಿತ್ತು. ಅದೇ 1978ರಲ್ಲಿ ಫ್ರಾನ್ಸ್ ಮತ್ತು ಇಟಲಿಯ ಟಿವಿಗೂ ಜಪಾನಿ ರೋಬೋ ಬಂತು, ಹೆಚ್ಚುಕಡಿಮೆ ಇದೇ ಕಾರಣಕ್ಕೆ. ಇದರ ಹಿಂದೆ ಜಪಾನ್ ಸರ್ಕಾರದ ಯೋಜನೆ ಏನೂ ಇರಲಿಲ್ಲ. 'ಕೂಲ್ ಜಪಾನ್' ಹೆಸರಲ್ಲಿ ಸರ್ಕಾರ ಹಣ ಹಾಕಿ ನಿಧಿ ಮಾಡಿದ್ದು 2013ರಲ್ಲಿ. ಅಷ್ಟೊತ್ತಿಗೆ ಮನಿಲಾದ ಆ ಮಕ್ಕಳಿಗೆ ತಲೆಗೂದಲು ನರೆಯಲು ಶುರುವಾಗಿತ್ತು.

ಜಿಎಂಎ 1978ರಲ್ಲಿ ವಾರದ ದಿನಗಳಿಗೆಲ್ಲ ಒಂದೊಂದು ರೋಬೋ ಹಂಚಿತು. ಮಜಿಂಗರ್ ಝಡ್, ಡೈಮೋಸ್, ಮೆಕಾಂಡ, ಗ್ರೆಂಡೈಝರ್ ಹೀಗೆ. ಶುಕ್ರವಾರ ಸಂಜೆ ವೋಲ್ಟಸ್ ಫೈವ್. ಮಾತು ಇಂಗ್ಲಿಷಿಗೆ ಡಬ್ ಆಗಿತ್ತು. ಪಾತ್ರಗಳಿಗೂ ಇಂಗ್ಲಿಷ್ ಹೆಸರು ಇಟ್ಟಿದ್ದರು. ಜಪಾನಿನ ಕೆನಿಚಿ ಇಲ್ಲಿ ಸ್ಟೀವ್ ಆರ್ಮ್‌ಸ್ಟ್ರಾಂಗ್. ಆದರೆ ಶೀರ್ಷಿಕೆ ಗೀತೆಯನ್ನು ಮಾತ್ರ ಜಪಾನಿ ಭಾಷೆಯಲ್ಲೇ ಬಿಟ್ಟರು. ಮಿತ್ಸುಕೊ ಹೋರಿಯೆ ಹಾಡಿದ ಆ ಹಾಡನ್ನು ಮಕ್ಕಳು ಅರ್ಥ ಗೊತ್ತಿಲ್ಲದೆ ಬಾಯಿಪಾಠ ಮಾಡಿದರು. ಅವರಲ್ಲಿ ಎಷ್ಟೋ ಜನ ಇವತ್ತಿಗೂ ಅದನ್ನು ಪೂರ್ತಿ ಹಾಡುತ್ತಾರೆ.

ಇಲ್ಲಿ ಸ್ವಲ್ಪ ನಿಲ್ಲಬೇಕು. ಜಪಾನ್ ಫಿಲಿಪ್ಪೀನ್ಸನ್ನು ಆಕ್ರಮಿಸಿ ಆಳಿದ್ದು 1942ರಿಂದ 1945ರವರೆಗೆ. 1945ರ ಫೆಬ್ರವರಿಯಲ್ಲಿ ಮನಿಲಾಗಾಗಿ ಒಂದು ತಿಂಗಳು ನಡೆದ ಕಾಳಗದಲ್ಲಿ ಸುಮಾರು 1 ಲಕ್ಷ ನಾಗರಿಕರು ಸತ್ತರು. ಜಪಾನಿನ ಜೊತೆ 1960ರಲ್ಲಿ ಸಹಿಯಾದ ವ್ಯಾಪಾರ ಒಪ್ಪಂದಕ್ಕೆ ಫಿಲಿಪ್ಪೀನ್ಸ್ ಸೆನೆಟ್ ವರ್ಷಗಟ್ಟಲೆ ಒಪ್ಪಿಗೆ ಕೊಡಲಿಲ್ಲ. ಸೆನೆಟ್ ಮುಚ್ಚಿದ ಮೇಲೆ 1973ರಲ್ಲಿ ಮಾರ್ಕೋಸ್ ತಾವೇ ಒಪ್ಪಿಗೆ ಕೊಟ್ಟರು. ಅಂದರೆ 1978ರಲ್ಲಿ ಆ ಮಕ್ಕಳು ಕುಣಿದುಕೊಂಡು ಜಪಾನಿ ಹಾಡು ಹಾಡುತ್ತಿದ್ದಾಗ, ಪಕ್ಕದ ಕೋಣೆಯಲ್ಲಿದ್ದ ಅಜ್ಜ ಅಜ್ಜಿಗೆ ಆ ಭಾಷೆ ಸೈನಿಕರ ಬಾಯಲ್ಲಿ ಕೇಳಿದ ಭಾಷೆ. ಜಪಾನಿನ ಮನರಂಜನೆ ಎಲ್ಲ ಕಡೆ ಸುಲಭವಾಗಿ ಒಳಗೆ ಬಂತು ಅನ್ನುವವರು ಈ ಅಜ್ಜಿಯರನ್ನು ಮರೆಯುತ್ತಾರೆ.

ಮಕ್ಕಳು ಕಾಯುತ್ತಿದ್ದದ್ದು ಏನನ್ನು

ಪ್ರತಿ ಕಂತಿನಲ್ಲೂ ಒಂದು ಗಳಿಗೆ ಬರುತ್ತದೆ. ಐದು ವಾಹನಗಳು ಹಾರುತ್ತಿರುತ್ತವೆ. ಶತ್ರುವಿನ ಯಂತ್ರಮೃಗ ಊರು ಪುಡಿಮಾಡುತ್ತಿರುತ್ತದೆ. ಬಿಡಿಬಿಡಿಯಾಗಿ ಹೋರಾಡಿ ಐವರೂ ಸೋಲುವ ಹಂತಕ್ಕೆ ಬರುತ್ತಾರೆ. ಆಗ ಸ್ಟೀವ್ "ಲೆಟ್ಸ್ ವೋಲ್ಟ್ ಇನ್" ಅಂತ ಕೂಗುತ್ತಾನೆ. ಸಂಗೀತ ಬದಲಾಗುತ್ತದೆ. ಒಂದೊಂದೇ ವಾಹನ ಮಡಚಿಕೊಂಡು, ತಿರುಗಿ, ತನ್ನ ಜಾಗಕ್ಕೆ ಬಂದು ಕೂರುತ್ತದೆ. ಕೊನೆಗೆ ತಲೆ.  ಎದೆಯ ಮೇಲಿನ 'ವಿ' ಗುರುತು ಹೊಳೆಯುತ್ತದೆ. ಹೊಡೆದಾಟದ ಕೊನೆಗೆ ಕತ್ತಿ ಬರುತ್ತದೆ. ರೋಬೋ ಗಾಳಿಯಲ್ಲಿ 'ವಿ' ಆಕಾರದಲ್ಲಿ ಎರಡು ಏಟು ಹಾಕುತ್ತದೆ. ಶತ್ರು ಸೀಳಿಹೋಗುತ್ತಾನೆ.

ಇದು ವಾರ ವಾರವೂ ಅದೇ. ಹೊಸದಾಗಿ ಬಿಡಿಸಿದ್ದಲ್ಲ, ಒಮ್ಮೆ ಚೆನ್ನಾಗಿ ಬಿಡಿಸಿ ಇಟ್ಟುಕೊಂಡ ತುಣುಕನ್ನೇ ಮತ್ತೆ ಮತ್ತೆ ಸೇರಿಸುತ್ತಿದ್ದರು. ಜಪಾನಿನ ಸ್ಟುಡಿಯೊಗಳಲ್ಲಿ ಇದಕ್ಕೆ 'ಬ್ಯಾಂಕ್' ಅನ್ನುತ್ತಾರೆ. ಖರ್ಚು ಉಳಿಸಲು ಹುಟ್ಟಿದ ಉಪಾಯ ಅದು. ಆದರೆ ಮಕ್ಕಳಿಗೆ ಬೇಕಾಗಿದ್ದದ್ದೇ ಅದು. ಯಕ್ಷಗಾನದಲ್ಲಿ ಒಡ್ಡೋಲಗ ಹೇಗೆ ನಡೆಯುತ್ತದೆ ಅಂತ ಪ್ರೇಕ್ಷಕರಿಗೆ ಮೊದಲೇ ಗೊತ್ತು. ಗೊತ್ತಿದೆ ಅಂತಲೇ ಕಾಯುತ್ತಾರೆ. ಇಲ್ಲೂ ಹಾಗೆಯೇ. ಐದು ಮಕ್ಕಳು ಸೇರಿದರೆ ಸಾಕು, ಯಾರು ಕಾಲು ಯಾರು ತಲೆ ಅಂತ ಹಂಚಿಕೊಂಡು ಬೀದಿಯಲ್ಲೇ ಆಡಬಹುದು. ಆಟಿಕೆ ಕೊಳ್ಳಲಾಗದ ಮನೆಯ ಮಕ್ಕಳಿಗೂ ಆಡಲು ಬರುವ ಆಟ ಅದು. ಪೋಪಿ ಕಂಪನಿಯ ಲೆಕ್ಕ ಜಪಾನಿನ ಪೇಟೆಗೆ ಹಾಕಿದ್ದು. ಮನಿಲಾದ ಬೀದಿಯಲ್ಲಿ ಐದು ಹುಡುಗರಿದ್ದರೆ ಖರ್ಚಿಲ್ಲದೆ ಒಂದು ವೋಲ್ಟಸ್ ಫೈವ್ ಸಿದ್ಧವಾಗುತ್ತಿತ್ತು.

ನಿಲ್ಲಿಸಿದ್ದು ಯಾಕೆ

ಇದಕ್ಕೆ ಮೂರು ಕಾರಣ ಹೇಳುತ್ತಾರೆ. ಮೊದಲನೆಯದು ಸರ್ಕಾರ ಕೊಟ್ಟದ್ದು: ಹಿಂಸೆ. ಇದನ್ನು ಬರೀ ನೆಪ ಅಂತ ತಳ್ಳಿಹಾಕಲು ನನಗೆ ಮನಸ್ಸಿಲ್ಲ. ತಂದೆತಾಯಿಗಳು ದೂರಿದ್ದು ನಿಜ. ಬೇರೆ ದೇಶಗಳಲ್ಲೂ ಹಾಗೆಯೇ ಆಯಿತು. ಇಟಲಿಯ ಇಮೋಲ ಎಂಬ ಊರಿನ ತಂದೆತಾಯಿಗಳು 1980ರಲ್ಲಿ ಜಪಾನಿ ಕಾರ್ಟೂನುಗಳ ವಿರುದ್ಧ ಸಹಿ ಹಾಕಿ ಮನವಿ ಕೊಟ್ಟರು. ಅಲ್ಲಿ ಸರ್ವಾಧಿಕಾರಿ ಯಾರೂ ಇರಲಿಲ್ಲ. ಹಿರಿಯರಿಗೆ ಗೊತ್ತಿಲ್ಲದ ಊರಿಂದ ಬಂದ ಚಿತ್ರ, ಹೊಡೆದಾಟ, ಸಾವು, ಅಳುವ ತಾಯಿ. ಅಮೆರಿಕದ ಕಾರ್ಟೂನಿನಲ್ಲಿ ಮಲೆಯಿಂದ ಬಿದ್ದ ಪ್ರಾಣಿಯೂ ಮರುಕ್ಷಣ ಎದ್ದು ಓಡುತ್ತದೆ. ಇಲ್ಲಿ ಸತ್ತವರು ಸತ್ತರು. ವೋಲ್ಟಸ್ ಫೈವ್‌ನ ಆರಂಭದ ಕಂತುಗಳಲ್ಲೇ ಆ ಮೂವರು ಹುಡುಗರ ತಾಯಿ ಮಕ್ಕಳನ್ನು ಉಳಿಸಲು ಪ್ರಾಣ ಕೊಡುತ್ತಾಳೆ. ಅದನ್ನು ನೋಡಿ ಮಕ್ಕಳು ಅತ್ತರೆ ಹೆತ್ತವರಿಗೆ ಗಾಬರಿಯಾಗುವುದು ಸಹಜ ಅಲ್ವಾ?

ಎರಡನೆಯದು ಜಪಾನಿನ ಭಯ. ಬಂದೂಕಿನಿಂದ ಆಗದ್ದನ್ನು ಕಾರ್ಟೂನಿನಿಂದ ಮಾಡುತ್ತಿದ್ದಾರೆ ಎಂಬ ಅನುಮಾನ. ಆ ಅಜ್ಜ ಅಜ್ಜಿಯರನ್ನು ನೆನೆದರೆ ಈ ಅನುಮಾನ ಎಲ್ಲಿಂದ ಬಂತು ಅಂತ ಗೊತ್ತಾಗುತ್ತದೆ.

ಮೂರನೆಯದನ್ನು ಇವತ್ತು ಎಲ್ಲರೂ ಹೇಳುತ್ತಾರೆ: ಗುಲಾಮರು ದಂಗೆ ಎದ್ದು ಸಾಮ್ರಾಟನನ್ನು ಕೆಡವುವ ಕೊನೆಯನ್ನು ಜನ ನೋಡಬಾರದು ಅಂತಲೇ ಮಾರ್ಕೋಸ್ ನಿಲ್ಲಿಸಿದರು. ಕೇಳಲು ತುಂಬಾ ಚೆನ್ನಾಗಿದೆ. ಆದರೆ ಆಧಾರ ತೆಳು. ಆದೇಶದಲ್ಲಿ ದಂಗೆಯ ಮಾತಿಲ್ಲ. ನಿಂತದ್ದು ವೋಲ್ಟಸ್ ಫೈವ್ ಒಂದೇ ಅಲ್ಲ, ದಂಗೆಯ ಸುಳಿವೂ ಇಲ್ಲದ ಮಜಿಂಗರ್ ಝಡ್ ಕೂಡ ನಿಂತಿತು. ನನ್ನ ತೀರ್ಮಾನ ಏನೆಂದರೆ, ಆ ನಾಲ್ಕು ಕಂತನ್ನು ಗುರಿ ಇಟ್ಟು ಹೊಡೆದದ್ದಲ್ಲ. ಹೆತ್ತವರ ದೂರು ಬಂತು, ಒಂದು ಸಹಿಯಲ್ಲಿ ಟಿವಿ ನಿಲ್ಲಿಸುವ ಅಧಿಕಾರ ಕೈಯಲ್ಲಿತ್ತು, ನಿಲ್ಲಿಸಿದರು. ನಾಲ್ಕು ಕಂತು ಬಾಕಿ ಉಳಿದದ್ದು ಕಾಲದ ಆಟ.

ಹಾಗಂತ ಮೂರನೆಯ ಕಾರಣವನ್ನು ಸುಳ್ಳು ಕಥೆ ಅಂತ ಬಿಡುವ ಹಾಗೂ ಇಲ್ಲ. ಇಮೋಲದಲ್ಲಿ ಮನವಿ ಬಂತು, ಪತ್ರಿಕೆಗಳಲ್ಲಿ ಪರ ವಿರೋಧ ಬರೆದರು, ಕಾರ್ಟೂನುಗಳು ಮುಂದುವರಿದವು. ಮನಿಲಾದಲ್ಲಿ ಚರ್ಚೆಯೂ ಇಲ್ಲ, ಮೇಲ್ಮನವಿಯೂ ಇಲ್ಲ. ಮಕ್ಕಳಿಗೆ ಯಾರೂ ಏನೂ ಹೇಳಲಿಲ್ಲ. ಹತ್ತು ವರ್ಷದ ಹುಡುಗನಿಗೆ ಮಿಲಿಟರಿ ಕಾನೂನು ಅಂದರೇನು ಅಂತ ಗೊತ್ತಿರಲಿಲ್ಲ. ಯಾರನ್ನೋ ಹಿಡಿದುಕೊಂಡು ಹೋದರು, ಯಾವುದೋ ಪತ್ರಿಕೆ ಮುಚ್ಚಿತು ಅನ್ನುವುದು ದೊಡ್ಡವರು ಪಿಸುಗುಟ್ಟುವ ಮಾತು. ಶುಕ್ರವಾರ ವೋಲ್ಟಸ್ ಫೈವ್ ಬರಲಿಲ್ಲ ಅನ್ನುವುದು ಅವನದೇ ನಷ್ಟ. ಸರ್ಕಾರ ಅವನ ಮನೆಯೊಳಗೆ ಬಂದು ಅವನ ಕೈಯಿಂದಲೇ ಕಿತ್ತುಕೊಂಡದ್ದು ಅದನ್ನು. ಮುಂದೆ ದೊಡ್ಡವನಾಗಿ, ಆ ನಾಲ್ಕು ಕಂತಿನಲ್ಲಿ ಏನಿತ್ತು ಅಂತ ತಿಳಿದಾಗ ಅವನಿಗೆ ಎರಡೂ ಕೂಡಿಕೊಂಡವು. ಗುಲಾಮರ ದಂಗೆಯನ್ನು ನಾಗಹಾಮ ಫಿಲಿಪ್ಪೀನ್ಸಿಗಾಗಿ ಬರೆಸಲಿಲ್ಲ. ಆದೇಶ ಬರದೇ ಇದ್ದಿದ್ದರೆ ಅಲ್ಲಿ ಅದನ್ನು ಹಾಗೆ ಓದುವವರು ಕೆಲವೇ ಮಂದಿ ಇರುತ್ತಿದ್ದರೇನೋ.

ಇದೇ ಸರಣಿ ಕ್ಯೂಬಾದಲ್ಲಿ 1980ರ ದಶಕದ ಮಕ್ಕಳ ಅಚ್ಚುಮೆಚ್ಚು. ಅಲ್ಲಿ ಅದು ನಿಲ್ಲಲಿಲ್ಲ. ಹಾಗಾಗಿ ಅಲ್ಲಿ ಅದು ಬಾಲ್ಯದ ಸವಿನೆನಪು, ಅಷ್ಟೇ. ಪಕ್ಕದ ಬಾಂಗ್ಲಾದೇಶ 2013ರಲ್ಲಿ ಡೋರೆಮಾನ್ ನಿಲ್ಲಿಸಿತು. ಮಕ್ಕಳು ಹಿಂದಿ ಕಲಿಯುತ್ತಿದ್ದಾರೆ ಎಂಬ ಕಾರಣಕ್ಕೆ. ಅಲ್ಲಿ ಸಿಟ್ಟು ಜಪಾನಿನ ಮೇಲಲ್ಲ, ಡಬ್ ಆದ ಭಾಷೆಯ ಮೇಲೆ. ಕಾರ್ಟೂನು ಒಂದು ಕಡೆಯಿಂದ ಬಂದರೂ ಜಗಳ ಆಯಾ ಊರಿನದೇ.

ಆಮೇಲೆ

1986ರ ಫೆಬ್ರವರಿ 22ರಿಂದ 25ರವರೆಗೆ ಮನಿಲಾದ ಎಡ್ಸಾ ರಸ್ತೆಯಲ್ಲಿ ಲಕ್ಷಗಟ್ಟಲೆ ಜನ ಸೇರಿದರು. ಟ್ಯಾಂಕುಗಳ ಮುಂದೆ ನಿಂತರು. ಮಾರ್ಕೋಸ್ ದೇಶ ಬಿಟ್ಟು ಹವಾಯಿಗೆ ಹೋದರು. 1979ರಲ್ಲಿ ಹತ್ತು ವರ್ಷದವರಾಗಿದ್ದವರಿಗೆ ಆಗ ಹದಿನಾರು, ಹದಿನೇಳು. ಕಾರ್ಟೂನ್ ನೋಡಿ ಅವರು ರಸ್ತೆಗೆ ಇಳಿದರು ಅಂತ ಕೆಲವರು ಬರೆಯುತ್ತಾರೆ. ಅದು ಎಡ್ಸಾಕ್ಕೆ ಮಾಡುವ ಅನ್ಯಾಯ. ಅಲ್ಲಿ ನೆರೆದವರ ಹಿಂದೆ ವಿರೋಧ ಪಕ್ಷದ ನಾಯಕ ನಿನೊಯ್ ಅಕಿನೊ ಕೊಲೆ ಇತ್ತು, ಮೋಸದ ಚುನಾವಣೆ ಇತ್ತು, ಚರ್ಚಿನ ಕರೆ ಇತ್ತು, ಹಸಿವಿತ್ತು. ಆದರೆ ಆ ವಯಸ್ಸಿನವರು ಮುಂದೆ ತಮ್ಮನ್ನು ತಾವೇ 'ವೋಲ್ಟಸ್ ಫೈವ್ ತಲೆಮಾರು' ಅಂತ ಕರೆದುಕೊಂಡರು. ತಮ್ಮ ಬಾಲ್ಯಕ್ಕೆ ಅವರು ಆರಿಸಿಕೊಂಡ ಹೆಸರು ಅದು. ಅದನ್ನು ಗಂಭೀರವಾಗಿ ತೆಗೆದುಕೊಳ್ಳಲೇಬೇಕು.

ಮಾರ್ಕೋಸ್ ಹೋದ ಮೇಲೆ ಸರಣಿ ಮತ್ತೆ ಟಿವಿಗೆ ಬಂತು. 1999ರಲ್ಲಿ ಜಿಎಂಎ ಅದನ್ನು ಮತ್ತೊಮ್ಮೆ ತೋರಿಸಿತು. ಅದೇ ವರ್ಷ ಕೊನೆಯ ಕಂತುಗಳನ್ನು ಜೋಡಿಸಿ ಸಿನಿಮಾ ಮಾಡಿ ಚಿತ್ರಮಂದಿರಗಳಲ್ಲಿ ಹಾಕಿದರು. ಕೆಲಸಕ್ಕೆ ಸೇರಿ, ಮದುವೆಯಾಗಿ, ಮಕ್ಕಳಿದ್ದವರೂ ಟಿಕೆಟ್ ತೆಗೆದುಕೊಂಡು ಹೋಗಿ ಬೋಝಾನ್ ಬೀಳುವುದನ್ನು ದೊಡ್ಡ ಪರದೆಯ ಮೇಲೆ ನೋಡಿದರು. ಶಿಲ್ಪಿ ಟೋಯಿಮ್ ಇಮಾವೊ 2014ರಲ್ಲಿ ಫಿಲಿಪ್ಪೀನ್ಸ್ ವಿಶ್ವವಿದ್ಯಾಲಯದ ಆವರಣದಲ್ಲಿ ದೊಡ್ಡದೊಂದು ಕಲಾಕೃತಿ ನಿಲ್ಲಿಸಿದರು. ಅದರ ಹೆಸರಲ್ಲೇ ಮರೆತುಹೋದ ಆ ನಾಲ್ಕು ಕಂತುಗಳಿವೆ. ಮಿಲಿಟರಿ ಕಾನೂನಿನ ಕಾಲವನ್ನು ನೆನೆಯಲು ಒಬ್ಬ ಕಲಾವಿದ ಜೈಲನ್ನೋ ಬಂದೂಕನ್ನೋ ಬಿಟ್ಟು ಒಂದು ರೋಬೋವನ್ನು ಆರಿಸಿಕೊಂಡ. ಜಪಾನಿನಲ್ಲಿ ಕೂತು ಇದನ್ನು ಯಾರೂ ಯೋಜಿಸಲು ಆಗುತ್ತಿರಲಿಲ್ಲ.

ನಂತರ ಜಿಎಂಎಯೇ ತೋಯೆಯ ಅನುಮತಿ ಪಡೆದು ಕಥೆಯನ್ನು ಮನುಷ್ಯ ನಟರನ್ನಿಟ್ಟುಕೊಂಡು ಹೊಸದಾಗಿ ಮಾಡಿತು. 'ವೋಲ್ಟಸ್ ಫೈವ್: ಲೆಗಸಿ' ಅಂತ ಹೆಸರು. ನಿರ್ದೇಶಕರು ಮಾರ್ಕ್ ರೇಯಸ್. ಸ್ಟೀವ್ ಪಾತ್ರಕ್ಕೆ ಮಿಗೆಲ್ ತಾನ್‌ಫೆಲಿಕ್ಸ್. 2023ರ ಮೇ 8ರಿಂದ ಸೆಪ್ಟೆಂಬರ್ 8ರವರೆಗೆ ವಾರಕ್ಕೆ ಐದು ದಿನ ಬಂತು, ಒಟ್ಟು 90 ಕಂತು. ಮೂಲಕ್ಕಿಂತ ಎರಡು ಪಟ್ಟಿಗೂ ಜಾಸ್ತಿ. ಮೂಲದಲ್ಲಿ ಬೇಗ ದಾಟಿಹೋಗುವ ಬೋಝಾನಿನ ಹಿಂದಿನ ಕಥೆಗೆ, ತಂದೆಯ ಗುಲಾಮಗಿರಿಗೆ ಇಲ್ಲಿ ಜಾಗ ಹೆಚ್ಚು. ಅದೇ ಹಳೆಯ ಗೀತೆಯನ್ನು ಜೂಲಿ ಆನ್ ಸಾನ್ ಹೋಸೆ ಜಪಾನಿ ಭಾಷೆಯಲ್ಲೇ ಹಾಡಿದರು. ಆ ಹೊತ್ತಿಗೆ ದೇಶದ ಅಧ್ಯಕ್ಷರಾಗಿದ್ದವರು 1979ರಲ್ಲಿ ಆದೇಶ ಹೊರಡಿಸಿದವರ ಮಗ, ಫರ್ಡಿನಾಂಡ್ ಮಾರ್ಕೋಸ್ ಜೂನಿಯರ್. ಈ ಸಲ ಕೊನೆಯ ಕಂತಿನವರೆಗೂ ಬಂತು.

2024ರ ಅಕ್ಟೋಬರ್‌ನಲ್ಲಿ 'ಲೆಗಸಿ'ಯ ಸಿನಿಮಾ ರೂಪ ಜಪಾನಿನ ಚಿತ್ರಮಂದಿರಗಳಿಗೆ ಬಂತು. ಅಲ್ಲಿ ಅದನ್ನು ಬಿಡುಗಡೆ ಮಾಡಿದ್ದು ತೋಯೆ ಕಂಪನಿಯೇ. ಜಪಾನಿನಲ್ಲಿ ವೋಲ್ಟಸ್ ಫೈವ್ ಎಪ್ಪತ್ತರ ದಶಕದ ಹತ್ತಾರು ರೋಬೋಗಳಲ್ಲಿ ಒಂದು. ಅದರ ಬೆನ್ನಿಗೇ ಬಂದ ಗುಂಡಮ್‌ನ ನೆರಳಲ್ಲಿ ಅದರ ಹೆಸರು ಅಷ್ಟಾಗಿ ಕೇಳಿಬರಲಿಲ್ಲ. ತಾವು ಹೆಚ್ಚುಕಡಿಮೆ ಮರೆತಿದ್ದ ಸರಣಿಯನ್ನು ಇನ್ನೊಂದು ದೇಶ 45 ವರ್ಷ ಹೊತ್ತುಕೊಂಡು ಬಂದಿತ್ತು ಅನ್ನುವುದು ಅಲ್ಲಿನ ಎಷ್ಟೋ ಪ್ರೇಕ್ಷಕರಿಗೆ ತಿಳಿದದ್ದು ಆ ಸಿನಿಮಾ ಬಂದ ಮೇಲೆಯೇ.